ಮೊದಲ ಪುಟದ ತಿದ್ದುಪಡಿ

ನಮ್ಮ ಪತ್ರಿಕೆಯನ್ನು ಕೈಗೆತ್ತಿಕೊಂಡವರು ಮೊದಲು ಓದುತ್ತಿದ್ದದ್ದು ತಿದ್ದುಪಡಿಯನ್ನು. ಸಂಪಾದಕೀಯವನ್ನು ಯಾರೂ ಓದುತ್ತಿರಲಿಲ್ಲ, ಅದನ್ನು ಬರೆಯುತ್ತಿದ್ದ ಹೆರ್ ಕೊರ್ಟುಮ್‌ಗೂ ಅದು ಗೊತ್ತಿತ್ತು. ಹೊಸ ರೆಕಾರ್ಡುಗಳ ಪಟ್ಟಿಯನ್ನು ಅಂಗಡಿಯವರು ಬಿಡುವಾದಾಗ ನೋಡುತ್ತಿದ್ದರು. ಆದರೆ ಮೊದಲ ಪುಟದ ಬಲಮೂಲೆಯಲ್ಲಿ, ದಪ್ಪ ಗೆರೆಯ ಚೌಕದೊಳಗೆ ಬರುತ್ತಿದ್ದ ಏಳೆಂಟು ಸಾಲುಗಳನ್ನು ಅಂಚೆಯವನು ಬಾಗಿಲು ದಾಟುವ ಮೊದಲೇ ನಿಂತಲ್ಲೇ ಓದಿ ಮುಗಿಸುತ್ತಿದ್ದರು. ಹೋದ ವಾರ ನಾವು ಯಾವ ಬೆಲೆಯನ್ನು ತಪ್ಪಾಗಿ ಹಾಕಿದ್ದೆವು, ಯಾವ ರೆಕಾರ್ಡಿನ ಸಂಖ್ಯೆಯನ್ನು ಅದಲುಬದಲು ಮಾಡಿದ್ದೆವು ಎಂಬುದು ತಿಳಿಯದೆ ಅವರು ಸರಕಿಗೆ ಬರೆಯುವಂತಿರಲಿಲ್ಲ.

ಆ ಚೌಕಕ್ಕೆ ಒಂದು ಹಿನ್ನೆಲೆ ಇತ್ತು. 'ಧ್ವನಿ ವ್ಯಾಪಾರ' ಬರ್ಲಿನ್ನಿನ ರಿಟರ್ ಬೀದಿಯಿಂದ 1901ರಲ್ಲಿ ಹೊರಡಲು ಶುರುವಾಯಿತು. ಆಗ ಹಾಡುಗಳು ಮೇಣದ ಉರುಳೆಯ ಮೇಲೆ ಬರುತ್ತಿದ್ದವು. ಮರುವರ್ಷ ಉರುಳೆ ಮಾಡುವ ಒಂದು ಸಣ್ಣ ಕಂಪನಿ ಬೇರೆ ಬೀದಿಗೆ ಹೋಯಿತು. ನಮ್ಮ ಪತ್ರಿಕೆ ಅದು ಮುಚ್ಚಿಹೋಯಿತೆಂದು ಬರೆಯಿತು. ಮುಂದಿನ ವಾರ ಕೊರ್ಟುಮ್ ತಿದ್ದುಪಡಿ ಹಾಕಿದರು, ಕೊನೆಯ ಪುಟದಲ್ಲಿ, ಬೀಗದ ಜಾಹೀರಾತಿನ ಕೆಳಗೆ. ಅದನ್ನು ಯಾರೂ ನೋಡಲಿಲ್ಲ. ಮೇಣ ಕೊಡುವವರು ಮೇಣ ನಿಲ್ಲಿಸಿದರು, ತಿಂಗಳೊಳಗೆ ಕಂಪನಿ ನಿಜವಾಗಿಯೂ ಮುಚ್ಚಿತು. ಅಂದಿನಿಂದ ತಿದ್ದುಪಡಿ ಮೊದಲ ಪುಟಕ್ಕೆ ಬಂತು. ಜೊತೆಗೆ ಇನ್ನೊಂದು ನಿಯಮವೂ ಬಂತು: ತಿದ್ದುಪಡಿಯನ್ನು ಸಂಬಂಧಪಟ್ಟವರಿಗೆ ಮೊದಲೇ ತೋರಿಸಬಾರದು. ತೋರಿಸಿದರೆ ಚೌಕಾಸಿ ಶುರುವಾಗುತ್ತದೆ, ಎರಡು ಪದ ಸೇರಿಸಿ, ಒಂದು ಪದ ಬಿಡಿ ಎನ್ನುತ್ತಾರೆ ಎಂಬುದು ಕೊರ್ಟುಮ್ ಅವರ ಅನುಭವ.

ನಾನು, ಎರ್ನಾ ವಿಟ್ಕೋಪ್, 1926ರಲ್ಲಿ ಅಲ್ಲಿಗೆ ಸೇರಿದೆ. ತಿದ್ದುಪಡಿ ಬರೆಯುವುದು ನನ್ನ ಕೆಲಸ. ವರ್ಷದ ಕೊನೆಗೆ ಸೂಚಿ ತಯಾರಿಸುವುದೂ ನನ್ನದೇ. ಯಾವ ಅಂಗಡಿಯ, ಯಾವ ಕಂಪನಿಯ ಹೆಸರು ಆ ವರ್ಷ ಯಾವ ಯಾವ ಪುಟದಲ್ಲಿ ಬಂದಿದೆಯೆಂದು ಅಕ್ಷರಾನುಕ್ರಮದಲ್ಲಿ ತಿಳಿಸುವ ಪಟ್ಟಿ ಅದು. ಮೂರನೆಯದಾಗಿ, ನಾನೇ ಕಟ್ಟಿದ ಕಾರ್ಡಿನ ಡಬ್ಬಗಳು. ದೇಶದ ಒಂದು ಸಾವಿರದ ಒಂಬೈನೂರು ಗ್ರಾಮಫೋನ್ ಅಂಗಡಿಗಳಿಗೆ ಒಂದೊಂದು ಕಾರ್ಡು, ಪ್ರತಿಯೊಂದಕ್ಕೂ ಅನುಕ್ರಮ ಸಂಖ್ಯೆ. ಒಂದು ಕಾರ್ಡು ಕಳೆದರೂ ಗೊತ್ತಾಗಬೇಕೆಂದು ಸಂಖ್ಯೆ ಹಾಕಿದ್ದೆ. ಬಂದವರಿಗೆಲ್ಲ ಹೆಮ್ಮೆಯಿಂದ ಡಬ್ಬ ಎಳೆದು ತೋರಿಸುತ್ತಿದ್ದೆ.

ಕಾರ್ಡಿನ ಮೂಲೆಯಲ್ಲಿ ಒಂದು ಅಂಕಿ ಇರುತ್ತಿತ್ತು. ಬಹುಪಾಲು ಕಾರ್ಡುಗಳಲ್ಲಿ 1, ಸುಮಾರು ಮುನ್ನೂರರಲ್ಲಿ 9. ಅಂಗಡಿಯವರು ಹೊಸ ವರ್ಷಕ್ಕೆ ಪತ್ರಿಕೆಯಲ್ಲಿ ಒಂದು ಸಾಲಿನ ಶುಭಾಶಯ ಹಾಕಿಸುವುದು ನಮ್ಮ ವ್ಯಾಪಾರದ ರೂಢಿ. ಜನವರಿಯಲ್ಲಿ ಹಾಕಿಸುವವರಿಗೆ ಡಿಸೆಂಬರಿನಲ್ಲಿ ನೆನಪಿನ ಪತ್ರ ಹೋಗಬೇಕು. 1906ರಲ್ಲಿ ಇದೇ ರಿಟರ್ ಬೀದಿಯ ಯಹೂದಿ ಸಗಟು ವ್ಯಾಪಾರಿಯೊಬ್ಬರು ತಮ್ಮ ವರ್ಷ ಶರತ್ಕಾಲದಲ್ಲಿ ಶುರುವಾಗುತ್ತದೆ, ಜನರು ಗ್ರಾಮಫೋನು ಕೊಳ್ಳುವುದೂ ಆಗಲೇ ಎಂದು ಕೊರ್ಟುಮ್‌ಗೆ ಹೇಳಿದರಂತೆ. ಅಂದಿನಿಂದ ಸೆಪ್ಟೆಂಬರಿನಲ್ಲೂ ಒಂದು ಶುಭಾಶಯದ ಪುಟ ಬರತೊಡಗಿತು. 1 ಎಂದರೆ ಜನವರಿ, 9 ಎಂದರೆ ಸೆಪ್ಟೆಂಬರ್. ಆ ಅಂಕಿಯನ್ನು ಬರೆಯುವಾಗ ನಾನು ಶುಭಾಶಯ ಅಚ್ಚಾಗುವ ತಿಂಗಳನ್ನು ಬಿಟ್ಟು ಬೇರೇನನ್ನೂ ಯೋಚಿಸಿರಲಿಲ್ಲ.

1933ರ ಸೆಪ್ಟೆಂಬರಿನಲ್ಲಿ ಆ ಪುಟ ಬರಲಿಲ್ಲ. ಕೊರ್ಟುಮ್ ಆ ಜಾಗಕ್ಕೆ ಒಂದು ಪಿಯಾನೋ ಜಾಹೀರಾತು ಕೊಟ್ಟರು. ಪುಟ ಯಾಕೆ ಬಂದಿಲ್ಲವೆಂದು ಕೇಳಿ ಒಬ್ಬ ಅಂಗಡಿಯವನೂ ಪತ್ರ ಬರೆಯಲಿಲ್ಲ. ಹೋದ ವರ್ಷ ತಮ್ಮ ಹೆಸರಿನ ಅಚ್ಚುಮೊಳೆ ಸ್ವಲ್ಪ ಸವೆದಿದೆಯೆಂದು ಜಗಳವಾಡಿದ್ದವರು ಕೂಡ.

ಅಕ್ಟೋಬರಿನ ಮೊದಲ ಸೋಮವಾರ ಹೆರ್ ಟ್ರೋಶ್ಕೆ ಬಂದ. ಹೊಸ ವ್ಯಾಪಾರಿ ಸಂಘ ಅವನನ್ನು ನಮ್ಮ ಪತ್ರಿಕೆಯ ಮೇಲೆ ಉಸ್ತುವಾರಿಗೆ ಕಳಿಸಿತ್ತು. ಕೋಟಿನ ಮೇಲೆ ಆಳುವ ಪಕ್ಷದ ಸಣ್ಣ ಬಿಲ್ಲೆ, ಕೈಯಲ್ಲಿ ಬುತ್ತಿಯ ಡಬ್ಬಿ. ಅವನು ನಮಗೆ ಹೊಸಬನಲ್ಲ. ಹನ್ನೆರಡು ವರ್ಷ ಗ್ರಾಮಫೋನ್ ಮುಳ್ಳು ಮಾರಿದವನು. ಅವನ ಮುಳ್ಳು ರೆಕಾರ್ಡನ್ನು ಕೆರೆಯುತ್ತದೆಂಬ ದೂರನ್ನು 1928ರಲ್ಲಿ ನಾವು ಮುದ್ರಿಸಿದ್ದೆವು. ಅವನು ತಿದ್ದುಪಡಿ ಕೇಳಿಕೊಂಡು ಬಂದಿದ್ದ. ಕೊರ್ಟುಮ್ ಅವನೆದುರೇ ಆರು ಮುಳ್ಳು ಹಾಕಿ ನೋಡಿ, ಆರೂ ಕೆರೆದ ಮೇಲೆ, ಆಗುವುದಿಲ್ಲ ಅಂದಿದ್ದರು. ಈಗ ಅವನು ಆ ಮಾತೆತ್ತಲಿಲ್ಲ. ಒಲೆಯ ಪಕ್ಕದ ಮೇಜನ್ನು ತೆಗೆದುಕೊಂಡ, ದೂರವಾಣಿಯನ್ನು ಆ ಮೇಜಿಗೆ ತರಿಸಿಕೊಂಡ, ಎಲ್ಲರ ಮನೆಯವರ ಆರೋಗ್ಯ ವಿಚಾರಿಸಿದ.

ಕ್ರಿಸ್‌ಮಸ್ ಸಂಚಿಕೆಗೆ ಪತ್ರಿಕೆಯ ಇತಿಹಾಸ ಬರಬೇಕೆಂದು ಅವನು ಹೇಳಿದ. ಅದನ್ನು ನಾನು ಬರೆಯಬೇಕು. ಅದಕ್ಕಾಗಿ ಮೂವತ್ತೆರಡು ವರ್ಷಗಳ ಸಂಪುಟಗಳು ಬೀರುವಿನಿಂದ ಹೊರಬಂದವು. ನಾನು ಈ ಕಡೆಯಿಂದ ಓದುತ್ತಿದ್ದೆ, ಅವನು ಆ ಕಡೆಯಿಂದ. ಉರುಳೆ ಹೋಗಿ ತಟ್ಟೆ ಬಂದದ್ದು, ಎರಡೂ ಬದಿಗೆ ಹಾಡು ಬಂದದ್ದು, ಯುದ್ಧದಲ್ಲಿ ಹೊಸ ಅರಗು ಸಿಗದೆ ಒಡೆದ ರೆಕಾರ್ಡುಗಳನ್ನು ತೂಕಕ್ಕೆ ಕೊಂಡದ್ದು, ಆಮೇಲೆ ಬೆಲೆಗಳು ಬೆಳಿಗ್ಗೆ ಒಂದು ಸಂಜೆ ಒಂದಾದದ್ದು, ಎಲ್ಲವನ್ನೂ ನಾನು ಗುರುತು ಹಾಕಿಕೊಂಡೆ. ಅವನು ಇದೊಂದನ್ನೂ ಗುರುತು ಹಾಕಿಕೊಳ್ಳಲಿಲ್ಲ. ಪ್ರತಿ ಸಂಪುಟದಲ್ಲಿ ನೇರವಾಗಿ ಕೊನೆಯ ಪುಟಗಳಿಗೆ, ಸೂಚಿಗೆ ಹೋಗುತ್ತಿದ್ದ. ಅಡ್ಡಪಟ್ಟಿ ಇಟ್ಟು ಸಾಲು ಸಾಲಾಗಿ ಇಳಿಯುತ್ತಿದ್ದ. ಪೆನ್ಸಿಲ್ ತುದಿ ಮುರಿದರೆ ಮುಳ್ಳಿನ ಹಳೆಯ ಡಬ್ಬಿಯಿಂದ ಇನ್ನೊಂದು ತೆಗೆಯುತ್ತಿದ್ದ.

"ನಿಮ್ಮಷ್ಟು ಅಚ್ಚುಕಟ್ಟಾಗಿ ಕೆಲ್ಸ ಮಾಡೋರು ನಮ್ ಸಂಘದಲ್ಲೇ ಇಲ್ಲ ಫ್ರಾಯ್ಲೈನ್," ಅಂದ ಒಂದು ದಿನ. ನನಗೆ ಖುಷಿಯಾಯಿತು. ಆಗಿಲ್ಲವೆಂದರೆ ಸುಳ್ಳಾಗುತ್ತದೆ.

ಎರಡು ವಾರಕ್ಕೊಮ್ಮೆ ಗುರುವಾರ ಹೆರ್ ಬ್ರೂನೋ ಕ್ರೋನರ್ ಕೊಟ್‌ಬುಸ್ ಊರಿನಿಂದ ರೈಲಿನಲ್ಲಿ ಬರುತ್ತಿದ್ದರು. ಅಲ್ಲಿನ ಮಾರುಕಟ್ಟೆ ಚೌಕದಲ್ಲಿ ಅವರದು ಗ್ರಾಮಫೋನ್ ಅಂಗಡಿ, 1911ರಿಂದ. ರಿಟರ್ ಬೀದಿಯ ಸಗಟು ಅಂಗಡಿಗಳಲ್ಲಿ ರೆಕಾರ್ಡು ಆರಿಸಿ, ಪೆಟ್ಟಿಗೆ ತುಂಬಿಸಿ, ರೈಲಿಗೆ ಹೊತ್ತಾಗುವವರೆಗೆ ನಮ್ಮ ಕಚೇರಿಯಲ್ಲಿ ಕೂರುತ್ತಿದ್ದರು. ಅವರ ಕಡೆಯ ಉಪ್ಪಿನ ಸೌತೆಕಾಯಿಯ ಜಾಡಿ ಯಾವಾಗಲೂ ತರುತ್ತಿದ್ದರು. ನಮ್ಮ ತಪ್ಪುಗಳನ್ನು ಮೊದಲು ಹಿಡಿಯುತ್ತಿದ್ದವರು ಅವರೇ. ಒಂದು ವಾಲ್ಟ್ಸ್ ರೆಕಾರ್ಡಿನ ಹಿಂಬದಿಗೆ ಶವಯಾತ್ರೆಯ ಸಂಗೀತ ಇದೆಯೆಂದು ನಾವು ಹಾಕಿದಾಗ, ಮದುವೆಗೆ ಕೊಂಡವರು ವಾಪಸ್ ಬಂದರೆ ನಿಮ್ಮ ವಿಳಾಸ ಕೊಡುತ್ತೇನೆ ಎಂದು ಬರೆದಿದ್ದರು.

ಬಾಗಿಲಲ್ಲೇ ಅವರು ಕೇಳುತ್ತಿದ್ದದ್ದು ಒಂದೇ ಮಾತು: "ಏನ್ ಫ್ರಾಯ್ಲೈನ್ ತಿದ್ದುಪಡಿ, ಈ ವಾರ ಯಾರ ತಲೆ ತೆಗೀತೀರಿ?"

ಅಕ್ಟೋಬರಿನ ಮಧ್ಯದ ಗುರುವಾರ ಅವರು ಅದನ್ನು ಕೇಳಲಿಲ್ಲ. ಟ್ರೋಶ್ಕೆ ಊಟಕ್ಕೆ ಹೋಗಿದ್ದ. ಕ್ರೋನರ್ ಜಾಡಿಯನ್ನು ಮೇಜಿನ ಮೇಲಿಟ್ಟು, ಟೋಪಿ ತೆಗೆಯದೆ ನಿಂತೇ ಮಾತಾಡಿದರು. ಹೊಸ ಸಂಘದ ಸದಸ್ಯತ್ವದ ಚೀಟಿ ಇಲ್ಲದವರಿಗೆ ಜನವರಿಯಿಂದ ಸಗಟು ವ್ಯಾಪಾರಿಗಳು ಒಂದು ರೆಕಾರ್ಡನ್ನೂ ಕೊಡುವಂತಿಲ್ಲ. ಅವರು ಅರ್ಜಿ ಹಾಕಿದ್ದರು. ಅರ್ಜಿಯಲ್ಲಿ ವಂಶ ಯಾವುದೆಂದು ಕೇಳುವ ಜಾಗವನ್ನು ಖಾಲಿ ಬಿಟ್ಟಿದ್ದರು.

"ನಮ್ಮೂರ ಸಂಘದ ಗುಮಾಸ್ತ ನನ್ ಹತ್ರಾನೇ ಟ್ಯಾಂಗೋ ಪ್ಲೇಟು ತಗೊಂಡೋಗೋನು. ಅವನು ಕೇಳ್ಲಿಲ್ಲ, ನಾನು ಹೇಳ್ಲಿಲ್ಲ. ಕ್ರೋನರ್ ಅಂದ್ರೆ ಯಾರಾದ್ರೂ ಆಗ್ಬೋದು. ಯುದ್ಧದಲ್ಲಿ ನನ್ ಕಾಲಿಗೆ ಗುಂಡು ಬಿದ್ದಿದ್ದು ಊರಿಗೆಲ್ಲ ಗೊತ್ತು, ಅದೊಂದೇ ಗೊತ್ತು."

ಅವರು ಡಬ್ಬಗಳ ಕಡೆ ನೋಡಿದರು. ಯಾವ ಡಬ್ಬವೆಂದು ಅವರಿಗೆ ಗೊತ್ತಿತ್ತು, ನಾನೇ ಒಮ್ಮೆ ತೋರಿಸಿದ್ದೆ.

"ಅದರಲ್ಲಿ ನನ್ ಕಾರ್ಡಿನ ಮೂಲೇಲಿ ಒಂಬತ್ತು ಅಂತಿದೆಯಲ್ಲ. ಅದು ಅಲ್ಲಿ ಇರ್ಲೇಬೇಕಾ?"

ನೋಡುತ್ತೇನೆ ಅಂದೆ. ಅವರು ತಲೆಯಾಡಿಸಿ, ಸೌತೆಕಾಯಿ ಈ ಸಲ ಸ್ವಲ್ಪ ಉಪ್ಪಾಗಿದೆ ಎಂದು ಹೇಳಿ ಹೊರಟುಹೋದರು.

ಮರುದಿನ ಒಂದು ಗಂಟೆಗೆ ಟ್ರೋಶ್ಕೆ ಊಟಕ್ಕೆ ಎದ್ದ ಮೇಲೆ ನಾನು 1147ನೇ ಕಾರ್ಡನ್ನು ತೆಗೆದೆ. ಬರೀ ತೆಗೆದರೆ ಸಂಖ್ಯೆಯ ಸಾಲಿನಲ್ಲಿ ತೆರಪು ಬೀಳುತ್ತದೆ. ಹಾಗಾಗಿ ಹೊಸ ಕಾರ್ಡು ಮಾಡಿದೆ. ಅದೇ ಹೆಸರು, ಅದೇ ವಿಳಾಸ, ಮೂಲೆಯಲ್ಲಿ 1. ಹಳೆಯದನ್ನು ಒಲೆಗೆ ಹಾಕಿದೆ. ತಲೆಯೆತ್ತಿದಾಗ ಕೊರ್ಟುಮ್ ತಮ್ಮ ಕೋಣೆಯ ಬಾಗಿಲಲ್ಲಿ ನಿಂತಿದ್ದರು. ಅರವತ್ತೆಂಟು ವರ್ಷದ ಮನುಷ್ಯ, ಆ ತಿಂಗಳಲ್ಲಿ ಎಂಬತ್ತರವರ ಹಾಗೆ ಕಾಣುತ್ತಿದ್ದರು. ಹತ್ತಿರ ಬಂದು ಹೊಸ ಕಾರ್ಡನ್ನು ಬೆಳಕಿಗೆ ಹಿಡಿದರು.

"ತುಂಬಾ ಬೆಳ್ಳಗಿದೆ ಮಗೂ," ಅಂದರು.

ತಮ್ಮ ಲೋಟದಲ್ಲಿ ಉಳಿದಿದ್ದ ಕಾಫಿಯಲ್ಲಿ ಬೆರಳದ್ದಿ ಅಂಚಿಗೆ ಸವರಿ, ಒಲೆಯ ಮೇಲೆ ಒಣಗಿಸಿ, ಡಬ್ಬದಲ್ಲಿಟ್ಟರು.

ಆ ಶನಿವಾರ, ಭಾನುವಾರ ನಾನು ಚೆನ್ನಾಗಿ ನಿದ್ದೆ ಮಾಡಿದೆ. ಒಬ್ಬ ಮನುಷ್ಯನ ಅಂಗಡಿಯನ್ನು ಒಂದು ಅಂಕಿಯಿಂದ ಉಳಿಸಿದ್ದೇನೆಂದುಕೊಂಡಿದ್ದೆ. ಪ್ರತಿ ಡಿಸೆಂಬರಿನಲ್ಲಿ ಮೂರು ವಾರ ಕೂತು ನಾನೇ ಮಾಡಿದ ಸೂಚಿ ನನ್ನ ನೆನಪಿಗೇ ಬರಲಿಲ್ಲ. ಕಾರ್ಡು ಕಚೇರಿಯ ಒಳಗಿನದು, ಅದನ್ನು ನೋಡುವವರು ನಾವು ಮೂವರು. ಸೂಚಿ ಅಚ್ಚಾಗಿ ದೇಶದ ಎಲ್ಲ ಅಂಗಡಿಗಳ ಕಪಾಟಿನಲ್ಲಿ ಕೂತಿತ್ತು.

ಸೋಮವಾರ ಟ್ರೋಶ್ಕೆ ಡಬ್ಬಗಳನ್ನು ತನ್ನ ಮೇಜಿಗೆ ತರಿಸಿಕೊಂಡ. ಬುಧವಾರ ಮಧ್ಯಾಹ್ನ ನನ್ನನ್ನು ಕರೆದ. ಎದುರು ಕುರ್ಚಿ ಎಳೆದು ಕೊಟ್ಟ. ಮೇಜಿನ ಮೇಲೆ 1147ನೇ ಕಾರ್ಡು, ಪಕ್ಕದಲ್ಲಿ ತೆರೆದಿಟ್ಟ ಆರೇಳು ಸಂಪುಟಗಳು, ಎಲ್ಲವೂ ಸೂಚಿಯ 'ಕ' ಅಕ್ಷರದ ಪುಟದಲ್ಲಿ.

"ಒಂದು ಸಣ್ಣ ಅನುಮಾನ ಫ್ರಾಯ್ಲೈನ್. ಈ ಕಾರ್ಡು ಹೇಳುತ್ತೆ, ಇವರು ಜನವರಿಯಲ್ಲಿ ಶುಭಾಶಯ ಹಾಕಿಸೋರು ಅಂತ. ನಿಮ್ಮ ಸೂಚಿ ಹೇಳುತ್ತೆ, ಜನವರಿ ಸಂಚಿಕೇಲಿ ಇವರ ಹೆಸರು ಒಂದ್ಸಲಾನೂ ಬಂದಿಲ್ಲ. ಸೆಪ್ಟೆಂಬರ್‌ನಲ್ಲಿ ಬಂದಿದೆ. ಯುದ್ಧದ ನಾಲ್ಕು ವರ್ಷ ಆ ಪುಟಾನೇ ಇರ್ಲಿಲ್ಲ, ಅದು ಬಿಟ್ರೆ ಹದಿನೆಂಟು ಸಲ." ಅವನು ಪೆನ್ಸಿಲನ್ನು ಕಾರ್ಡಿಗೂ ಸಂಪುಟಕ್ಕೂ ನಡುವೆ ಇಟ್ಟ. "ಎರಡೂ ನಿಮ್ಮ ಕೈಯಿಂದಾನೇ ಬಂದಿರೋದು. ಯಾವುದು ತಪ್ಪು?"

ಕಾರ್ಡು ತಪ್ಪು ಅಂದಿದ್ದರೆ ಕ್ರೋನರ್ ಅಲ್ಲಿಗೇ ಮುಗಿದಂತೆ, ನಾನೂ ಮುಗಿದಂತೆ. ಗೊತ್ತಿಲ್ಲ ಅಂದರೆ ಅವನು ನಂಬುತ್ತಿರಲಿಲ್ಲ, ಏಳು ವರ್ಷದಲ್ಲಿ ನಾನು ಆ ಮಾತು ಆಡಿದ್ದೇ ಇಲ್ಲ. ಪತ್ರಿಕೆ ತಪ್ಪು ಅಂದೆ.

"ಹದಿನೆಂಟು ಸಲಾನಾ?"

ಅದಕ್ಕೆ ನನ್ನಲ್ಲಿ ಉತ್ತರ ಇತ್ತು. ನಮ್ಮ ಅಚ್ಚುಮನೆಯಲ್ಲಿ ಶುಭಾಶಯದ ಪುಟದ ಮೊಳೆಗಳನ್ನು ಮುದ್ರಣದ ಮೇಲೆ ಬಿಚ್ಚುತ್ತಿರಲಿಲ್ಲ. ಪುಟವನ್ನು ಹಾಗೆಯೇ ದಾರದಿಂದ ಬಿಗಿದು, ಕಾಗದ ಸುತ್ತಿ, ಮುಂದಿನ ವರ್ಷಕ್ಕೆ ಹಲಗೆಯ ಮೇಲಿಡುತ್ತಿದ್ದರು. ಹೊಸಬರ ಸಾಲು ಸೇರಿಸುವುದು, ಸತ್ತವರ ಸಾಲು ಎತ್ತುವುದು, ಅಷ್ಟೇ. ಒಮ್ಮೆ ತಪ್ಪಾಗಿ ಒಳಗೆ ಬಂದ ಸಾಲು ಯಾರಾದರೂ ಎತ್ತುವವರೆಗೆ ಪ್ರತಿವರ್ಷ ಅಚ್ಚಾಗುತ್ತಲೇ ಇರುತ್ತದೆ. 1911ರಲ್ಲಿ ಮೊಳೆ ಜೋಡಿಸಿದವನು ಯಾವುದೋ ಸಾಲನ್ನು ಯಾವುದೋ ಪುಟಕ್ಕೆ ಹಾಕಿರಬೇಕು. ಮುಂದಿನದೆಲ್ಲ ಅದರದೇ ನಕಲು. ಇಷ್ಟನ್ನು ನಾನು ತಡವರಿಸದೆ ಹೇಳಿದೆ. ಹೇಳುತ್ತ ಹೇಳುತ್ತ ನನಗೇ ಅದು ನಿಜವೆನಿಸತೊಡಗಿತು. ಎಷ್ಟು ಗಟ್ಟಿಯಾದ ಸುಳ್ಳು ಎಂದು ಒಳಗೊಳಗೆ ಬೀಗಿದೆ ಕೂಡ.

ಟ್ರೋಶ್ಕೆ ಪೂರ್ತಿ ಕೇಳಿಸಿಕೊಂಡ.

"ಸರಿ. ಮೊಳೆ ಕಟ್ಟಿಡೋ ವಿಷಯ ನಂಗೂ ಗೊತ್ತು, ನನ್ನ ಜಾಹೀರಾತನ್ನೂ ಹಾಗೇ ಇಟ್ಕೊಂಡಿದ್ರಿ. ಹಾಗಿದ್ರೆ ಪತ್ರಿಕೇಲಿ ತಪ್ಪಾಗಿದೆ. ಪತ್ರಿಕೇಲಿ ತಪ್ಪಾದ್ರೆ ನೀವೇನ್ ಮಾಡ್ತೀರಿ?"

"ತಿದ್ದುಪಡಿ ಹಾಕ್ತೀವಿ."

"ಎಲ್ಲಿ?"

ಕೊನೆಯ ಪುಟಕ್ಕೆ ಹಾಕಬಹುದು, ಇದು ಹಳೆಯ ವಿಷಯ, ಬೆಲೆಗೆ ಸಂಬಂಧಿಸಿದ್ದಲ್ಲ ಎಂದು ನಾನು ಹೇಳಿನೋಡಿದೆ. ಅವನು ನಕ್ಕ.

"1928ರಲ್ಲಿ ನಾನು ಇಲ್ಲೇ ನಿಂತಿದ್ದೆ ಫ್ರಾಯ್ಲೈನ್. ನಿಜವಾದ ತಪ್ಪಾಗಿದ್ರೆ ಮೊದಲ್ನೇ ಪುಟದಲ್ಲಿ ಹಾಕ್ತಿದ್ವಿ, ತಪ್ಪಲ್ಲ, ಅದಕ್ಕೇ ಹಾಕಲ್ಲ ಅಂತ ನಿಮ್ ಯಜಮಾನ್ರು ನಂಗೆ ನಿಯಮ ಹೇಳಿಕೊಟ್ರು. ನಾನು ಅದನ್ನ ಮರೆತಿಲ್ಲ."

ಆ ಸಂಜೆಯೇ ಬರೆದೆ. ನಾನು ಬರೆದ ತಿದ್ದುಪಡಿಗಳಲ್ಲಿ ಅದು ಅತ್ಯಂತ ಚೊಕ್ಕವಾದದ್ದು: 'ಕೊಟ್‌ಬುಸ್ ಊರಿನ ಬ್ರೂನೋ ಕ್ರೋನರ್ ಅವರ ಹೆಸರು ನಮ್ಮ ಸೆಪ್ಟೆಂಬರ್ ಹೊಸ ವರ್ಷದ ಶುಭಾಶಯಗಳ ಪುಟದಲ್ಲಿ 1911ರಿಂದ ಹದಿನೆಂಟು ಬಾರಿ ಮುದ್ರಿತವಾಗಿದೆ. ಇದು ಅಚ್ಚುಮನೆಯ ತಪ್ಪು. ಅವರು ಆ ಶುಭಾಶಯವನ್ನು ಕೊಟ್ಟವರಲ್ಲ. ವಿಷಾದಿಸುತ್ತೇವೆ.'

ಪ್ರೂಫನ್ನು ಕೊರ್ಟುಮ್ ಅವರ ಮುಂದಿಟ್ಟಾಗ ಅವರು ಬಹಳ ಹೊತ್ತು ನೋಡಿದರು. ಅವರು ಓದುತ್ತಿರಲಿಲ್ಲ, ಬರೀ ನೋಡುತ್ತಿದ್ದರು. ಕ್ರೋನರ್‌ಗೆ ಗೊತ್ತೇ ಎಂದು ಕೇಳಿದರು. ಇಲ್ಲ ಅಂದೆ. ತಿದ್ದುಪಡಿಯನ್ನು ಮೊದಲೇ ತೋರಿಸುವುದಿಲ್ಲವಲ್ಲ ಅಂದೆ. ಹೌದು, ತೋರಿಸುವುದಿಲ್ಲ ಅಂದರು. ಇಬ್ಬರೂ ಒಲೆಯ ಪಕ್ಕದ ಮೇಜಿನ ಮೇಲಿದ್ದ ದೂರವಾಣಿಯನ್ನು ನೋಡಿದೆವು. ಅದರ ಪಕ್ಕದಲ್ಲಿ ಟ್ರೋಶ್ಕೆ ತನ್ನ ಬ್ರೆಡ್ಡಿಗೆ ಹಂದಿಕೊಬ್ಬು ಸವರುತ್ತಿದ್ದ. ಬೀದಿಯ ಕೊನೆಯಲ್ಲಿ ಅಂಚೆ ಕಚೇರಿ ಇತ್ತು, ಅಲ್ಲಿಂದ ತಂತಿ ಕಳಿಸಬಹುದಿತ್ತು. ನಾನು ಕಳಿಸಲಿಲ್ಲ. ಕಳಿಸುವ ಅಗತ್ಯ ಕಾಣಲಿಲ್ಲ, ಒಳ್ಳೆಯ ಸುದ್ದಿಯನ್ನು ಅವರು ಪತ್ರಿಕೆಯಲ್ಲೇ ಓದಲಿ ಅಂದುಕೊಂಡೆ. ಕೊರ್ಟುಮ್ ಸಹಿ ಹಾಕಿದರು. ಸಹಿ ಹಾಕುವಾಗ ಅವರು ಮೇಣದ ಕಂಪನಿಯ ವಿಷಯ ಯೋಚಿಸುತ್ತಿದ್ದರೇ ಎಂದು ಆಮೇಲೆ ಕೇಳಬೇಕೆನಿಸಿತ್ತು. ಕೇಳಲಿಲ್ಲ.

ಸಂಚಿಕೆ ಶುಕ್ರವಾರ ಹೊರಬಂತು.

ಮುಂದಿನ ಗುರುವಾರ ಕ್ರೋನರ್ ಬಂದಾಗ ಅವರ ಕೈಯಲ್ಲಿ ಜಾಡಿ ಇರಲಿಲ್ಲ. ರೆಕಾರ್ಡಿನ ಪೆಟ್ಟಿಗೆ ಇತ್ತು, ಖಾಲಿ. ಅದನ್ನು ಒಂದೇ ಬೆರಳಿನಲ್ಲಿ ಹಿಡಿದಿದ್ದರು. ಟ್ರೋಶ್ಕೆ ಅಲ್ಲೇ ಇದ್ದ. ಕ್ರೋನರ್ ಅವನತ್ತ ನೋಡಿದರು, ಆದರೆ ದನಿ ತಗ್ಗಿಸಲಿಲ್ಲ. ಇನ್ನು ತಗ್ಗಿಸಿ ಪ್ರಯೋಜನವಿಲ್ಲವೆಂದು ಅವರಿಗೆ ಗೊತ್ತಾಗಿತ್ತು.

"ಹದಿನೆಂಟು ವರ್ಷ ನನ್ ಹೆಸರು ಸೆಪ್ಟೆಂಬರ್‌ನಲ್ಲಿ ಬಂತು. ನಮ್ಮೂರಲ್ಲಿ ಒಬ್ಬನೂ ಓದ್ಲಿಲ್ಲ. ಮುನ್ನೂರು ಹೆಸರಿನ ಮಧ್ಯೆ ಸಣ್ಣ ಅಕ್ಷರದಲ್ಲಿ ಯಾರು ಓದ್ತಾರೆ ಫ್ರಾಯ್ಲೈನ್? ನೀವು ಒಂದ್ಸಲ ಚೌಕದಲ್ಲಿ ಹಾಕಿದ್ರಿ. ಎಲ್ಲರೂ ಓದಿದ್ರು."

ನಾನು, ಅದರಲ್ಲಿ ನೀವು ಅಲ್ಲವೆಂದೇ ಬರೆದಿದೆಯಲ್ಲ ಅಂದೆ.

"ಅದನ್ನೇ ಹೇಳ್ತಿರೋದು. ಅಲ್ಲ ಅಂತ ಯಾರ್ ಬಗ್ಗೆ ಬರೀತಾರೆ? ಬೇಕರಿಯೋನ ಬಗ್ಗೆ ಬರೀತಾರಾ?"

ಶನಿವಾರವೇ ಗುಮಾಸ್ತ ಅಂಗಡಿಗೆ ಬಂದಿದ್ದನಂತೆ, ಪತ್ರಿಕೆ ಮಡಚಿ ಜೇಬಿನಲ್ಲಿಟ್ಟುಕೊಂಡು. ಪಾಪ, ಅವನಿಗೂ ಕಷ್ಟ, ಇಷ್ಟು ದಿನ ಕೇಳದೆ ಬಿಟ್ಟಿದ್ದನ್ನು ಈಗ ಕೇಳಲೇಬೇಕಾಯಿತು, ಮೇಲಿನವರೂ ಓದಿದ್ದರಲ್ಲ. ಖಾಲಿ ಬಿಟ್ಟ ಜಾಗ ತುಂಬಬೇಕು, ಅಪ್ಪ ಅಮ್ಮ ಕ್ರೈಸ್ತರೆಂದು ತೋರಿಸುವ ದೀಕ್ಷಾಸ್ನಾನದ ಪತ್ರ ತರಬೇಕು. ಪತ್ರಿಕೆ ಹೇಳಿದ್ದು ನಿಜವಾದರೆ ತರುವುದೇನು ಕಷ್ಟ ಎಂದು ಕೇಳಿದನಂತೆ. ಅಲ್ಲಿಯವರೆಗೆ ಅರ್ಜಿ ತಡೆ. ಆ ಗುರುವಾರ ಬೆಳಿಗ್ಗೆ ರಿಟರ್ ಬೀದಿಯ ಮೂರು ಸಗಟು ಅಂಗಡಿಗಳೂ ಕ್ರೋನರ್‌ಗೆ ಜನವರಿಯವರೆಗೆ ಕಾಯದೆಯೇ ಸರಕು ಇಲ್ಲವೆಂದಿದ್ದವು. ಒಂದು ಅಂಗಡಿಯವನು ಯಹೂದಿಯೇ.

ನಾನು ಏನಾದರೂ ಮಾಡಬಹುದೇ ಎಂದು ಕೇಳಿದೆ. ಮೂರ್ಖ ಪ್ರಶ್ನೆ.

"ನಮ್ಮಪ್ಪನ ಗೋರಿ ಕೊಟ್‌ಬುಸ್‌ನಲ್ಲೇ ಇದೆ. ಕಲ್ಲಿನ ಮೇಲೆ ಏನ್ ಬರೆದಿದೆ ಅಂತ ಯಾರ್ ಬೇಕಾದ್ರೂ ಹೋಗಿ ನೋಡ್ಬೋದು. ನಾನು ಆ ಕಾರ್ಡು ತೆಗೀರಿ ಅಂದೆ ಅಷ್ಟೇ. ನಾನು ನಮ್ಮಪ್ಪನ ಮಗ ಅಲ್ಲ ಅಂತ ಹಾಕಿ ಅಂದಿರ್ಲಿಲ್ಲ." ಖಾಲಿ ಪೆಟ್ಟಿಗೆಯನ್ನು ಇನ್ನೊಂದು ಕೈಗೆ ಬದಲಾಯಿಸಿಕೊಂಡರು. "ಒಂದು ಮಾತು ಕೇಳಿದ್ದಿದ್ರೆ ಆಗ್ತಿತ್ತು."

ಟ್ರೋಶ್ಕೆ ಎದ್ದು ಹೋಗಿ ಅವರಿಗಾಗಿ ಬಾಗಿಲು ತೆರೆದ. ಅವರು ಹೋದ ಮೇಲೆ ನನ್ನ ಮೇಜಿನ ಬಳಿ ಬಂದು ನಿಂತ. ಬಯ್ಯುತ್ತಾನೆಂದುಕೊಂಡೆ. ಅವನು ಬಯ್ಯಲಿಲ್ಲ. ನನ್ನ ತಿದ್ದುಪಡಿ ಸಂಘದಲ್ಲಿ ಎಲ್ಲರಿಗೂ ಹಿಡಿಸಿದೆ, ಮುನ್ನೂರು ಜನರನ್ನು ಒಬ್ಬೊಬ್ಬರಾಗಿ ಹುಡುಕುವ ಕೆಲಸ ಇದರಿಂದ ಎಷ್ಟೋ ಹಗುರವಾಗುತ್ತದೆ ಅಂದ. ಮುಂದಿನ ಶುಕ್ರವಾರದ ಚೌಕಕ್ಕೆ ಅವನೇ ಬರೆದುಕೊಂಡು ಬಂದಿದ್ದ. ನಾನು ವಾಕ್ಯಗಳನ್ನು ಸರಿಮಾಡಿದರೆ ಸಾಕಿತ್ತು. ಸೆಪ್ಟೆಂಬರ್ ಶುಭಾಶಯಗಳ ಪುಟದಲ್ಲಿ ಇದುವರೆಗೆ ಹೆಸರು ಬಂದಿರುವ ಅಂಗಡಿಯವರಲ್ಲಿ, ಅದು ತಪ್ಪೆಂದು ಭಾವಿಸುವವರು ಹದಿನಾಲ್ಕು ದಿನಗಳೊಳಗೆ ದಾಖಲೆಗಳೊಂದಿಗೆ ತಿಳಿಸಿದರೆ ತಿದ್ದುಪಡಿ ಪ್ರಕಟಿಸಲಾಗುವುದು. ತಿಳಿಸದವರ ವಿಷಯದಲ್ಲಿ ಮುದ್ರಿತವಾದದ್ದೇ ಸರಿಯೆಂದು ಪತ್ರಿಕೆ ಪರಿಗಣಿಸುತ್ತದೆ.

ವಾಕ್ಯದಲ್ಲಿ ಒಂದು ಅಲ್ಪವಿರಾಮ ಹೆಚ್ಚಿತ್ತು. ತೆಗೆದೆ.

ಆ ಹದಿನಾಲ್ಕು ದಿನ ಕಚೇರಿಯಲ್ಲಿ ಬೇರೇನೂ ವಿಶೇಷ ನಡೆಯಲಿಲ್ಲ. ಅಂಚೆಯವನು ಬೆಳಿಗ್ಗೆ ಒಮ್ಮೆ, ಮಧ್ಯಾಹ್ನ ಒಮ್ಮೆ ಬರುತ್ತಿದ್ದ. ಕಾಗದಗಳನ್ನು ನಾನೇ ಒಡೆದು, ದಿನಾಂಕದ ಮುದ್ರೆ ಹಾಕಿ, ಕಾರ್ಡಿನ ಸಂಖ್ಯೆ ಬರೆದು ಟ್ರೋಶ್ಕೆಗೆ ಕೊಡುತ್ತಿದ್ದೆ. ಹನ್ನೊಂದು ಬಂದವು. ಅವುಗಳಲ್ಲಿ ನಾಲ್ಕು ನಿಜವಾಗಿಯೂ ತಪ್ಪಾಗಿ ಸೇರಿದ್ದವರದು. ಕಟ್ಟಿಟ್ಟ ಮೊಳೆಯಲ್ಲಿ ಅಂಥದ್ದು ಆಗುತ್ತಿತ್ತು, ನಾನು ಹೇಳಿದ್ದು ಪೂರ್ತಿ ಸುಳ್ಳಾಗಿರಲಿಲ್ಲ. ಉಳಿದ ಏಳು ಮಂದಿ ದಾಖಲೆ ಆಮೇಲೆ ಕಳಿಸುತ್ತೇವೆಂದು ಬರೆದಿದ್ದರು. ಅವರ ಕಾಗದಗಳನ್ನು ಟ್ರೋಶ್ಕೆ ಬೇರೆ ಇಟ್ಟುಕೊಂಡ. ಕ್ರೋನರ್ ಅವರಿಂದ ಕಾಗದ ಬರಲಿಲ್ಲ.

ಹದಿನೈದನೆಯ ದಿನ ಕೊರ್ಟುಮ್ ಕಚೇರಿಗೆ ಬರಲಿಲ್ಲ, ಆಮೇಲೂ ಬರಲಿಲ್ಲ. ಆರೋಗ್ಯದ ಕಾರಣದಿಂದ ಎಂದು ಟ್ರೋಶ್ಕೆ ಎರಡನೇ ಪುಟದಲ್ಲಿ ಹಾಕಿಸಿದ. ಕ್ರಿಸ್‌ಮಸ್ ಸಂಚಿಕೆಯಲ್ಲಿ ನನ್ನ ಇತಿಹಾಸ ಬಂತು, ನಾಲ್ಕು ಪುಟ, ಉರುಳೆಯ ಚಿತ್ರ ಸಮೇತ. ಮೊದಲ ಪುಟದ ಚೌಕದ ಬಗ್ಗೆ ಒಂದು ಪರಿಚ್ಛೇದ ಬರೆದಿದ್ದೆ. ಓದುಗರು ಮೂವತ್ತು ವರ್ಷ ನಂಬಿದ ಚೌಕ ಎಂದು ಬರೆದಿದ್ದೆ. ಅವನು ಅದನ್ನು ಹಾಗೆಯೇ ಬಿಟ್ಟ. ಅದೇ ಸಂಚಿಕೆಯ ಹಿಂಬದಿಯಲ್ಲಿ ಕೊಟ್‌ಬುಸ್ ಮಾರುಕಟ್ಟೆ ಚೌಕದ ಗ್ರಾಮಫೋನ್ ಅಂಗಡಿ ಹೊಸ ಮಾಲೀಕರ ಕೈಗೆ ಬಂದಿದೆಯೆಂಬ ಜಾಹೀರಾತಿತ್ತು. ಹೊಸ ಮಾಲೀಕರ ಹೆಸರಿತ್ತು, ಹಳಬರದು ಇರಲಿಲ್ಲ. ಸೂಚಿ ಮಾಡುವಾಗ ಆ ಪುಟವನ್ನು ಯಾರ ಹೆಸರಿನ ಮುಂದೆ ಹಾಕುವುದೆಂದು ಸ್ವಲ್ಪ ಹೊತ್ತು ಯೋಚಿಸಿ, ಹೊಸಬರ ಹೆಸರಿನ ಮುಂದೆ ಹಾಕಿದೆ.

ಕಾಗದ ಬರೆಯದವರ ಕಾರ್ಡುಗಳನ್ನು ಟ್ರೋಶ್ಕೆ ಒಂದು ಹೊಸ ಡಬ್ಬಕ್ಕೆ ಹಾಕಿದ. ಎಲ್ಲಕ್ಕಿಂತ ಮುಂದೆ 1147, ಅಂಚಿನಲ್ಲಿ ಕಾಫಿಯ ಕಲೆ. ಮೂಲೆಯ 1ನ್ನು ಹೊಡೆದುಹಾಕಿ ಪೆನ್ಸಿಲಿನಲ್ಲಿ 9 ಬರೆದಿದ್ದ. ಡಬ್ಬವನ್ನು ಜನವರಿಯ ಎರಡನೇ ತಾರೀಖು ಸಂಘದವರು ಬಂದು ತೆಗೆದುಕೊಂಡು ಹೋಗುವವರಿದ್ದರು, ಅದಕ್ಕೆ ಮೊದಲು ಮೇಲೊಂದು ಚೀಟಿ ಅಂಟಿಸಬೇಕಿತ್ತು. ನನ್ನ ಅಕ್ಷರ ಸ್ಪಷ್ಟವಾಗಿದೆಯೆಂದು ಅವನು ಚೀಟಿಯನ್ನೂ ಮಸಿಯನ್ನೂ ನನ್ನ ಮೇಜಿನ ಮೇಲಿಟ್ಟ.

ಏನೆಂದು ಬರೆಯಲಿ ಎಂದು ಕೇಳಿದೆ.

"ಎಷ್ಟು ಕಾರ್ಡಿದೆ ಅಂತ ಬರೀರಿ, ಸಾಕು," ಅಂದ. "ಒಂದು ಕಳೆದ್ರೂ ಗೊತ್ತಾಗ್ಬೇಕು."

ಎಣಿಸಿದೆ. ಬರೆದೆ.